ಹಾಬ್ಸ್, ಎಂ, ಲೂಥರ್: ಆ್ಯಕ್ಷನ್ ಸರಣಿಯಲ್ಲಿ ನಾಯಕನನ್ನು ಬಿಟ್ಟು ಯಾರ ಬೆನ್ನು ಹತ್ತಬೇಕು?

ಎಂಟು ಹತ್ತು ಭಾಗಗಳ ಆ್ಯಕ್ಷನ್ ಸರಣಿಯೊಂದನ್ನು ಮೊದಲಿನಿಂದ ಕೊನೆತನಕ ನೋಡಿ ಮುಗಿಸುವ ಪುರುಸೊತ್ತು ಯಾರಿಗಿದೆ? ನಡುವೆ ಎರಡು ಮೂರು ಸಪ್ಪೆ ಭಾಗಗಳು ಬಂದೇ ಬರುತ್ತವೆ, ಉತ್ಸಾಹ ಅಲ್ಲಿಗೇ ನಿಂತುಹೋಗುತ್ತದೆ. ಕೇಳಿದವರಿಗೆಲ್ಲ ನಾನು ಹೇಳುವ ಅಡ್ಡದಾರಿ ಒಂದಿದೆ. ನಾಯಕನನ್ನು ಅವನ ಪಾಡಿಗೆ ಬಿಟ್ಟುಬಿಡಿ. ಅವನು ಹೇಗೂ ಎಲ್ಲ ಭಾಗಗಳಲ್ಲೂ ಇರುತ್ತಾನೆ, ಹೇಗೂ ಗೆಲ್ಲುತ್ತಾನೆ. ಪೋಷಕ ಪಾತ್ರದಲ್ಲಿ ಮತ್ತೆ ಮತ್ತೆ ಬಂದುಹೋಗುವ ದೊಡ್ಡ ನಟರೊಬ್ಬರನ್ನು ಆರಿಸಿಕೊಂಡು, ಅವರಿರುವ ಭಾಗಗಳನ್ನಷ್ಟೇ ಸಾಲಾಗಿ ನೋಡಿ. ಮೂರು ನಾಲ್ಕು ಸಿನಿಮಾಗಳಲ್ಲಿ ಸರಣಿಯ ಒಳ್ಳೆಯ ಪಾಲು ಕೈಗೆ ಸಿಗುತ್ತದೆ, ಉಳಿದದ್ದು ತಪ್ಪಿಹೋದರೂ ನಷ್ಟವಿಲ್ಲ.

ತೊಡಕಿರುವುದು ಯಾರನ್ನು ಆರಿಸಬೇಕು ಎಂಬಲ್ಲಿ. ಪೋಸ್ಟರ್ ಮೇಲಿನ ಹೆಸರು ನೋಡಿ ತೀರ್ಮಾನಿಸಿದರೆ ಮೋಸ ಹೋಗುತ್ತೀರಿ. ಕೆಲವು ಸ್ಟಾರ್‌ಗಳು ಕಥೆಗೆ ಬೇಕಾಗಿ ಬಂದಿರುತ್ತಾರೆ, ಕೆಲವರು ಗಲ್ಲಾಪೆಟ್ಟಿಗೆಗೆ ಬೇಕಾಗಿ. ಎಷ್ಟು ಹೊತ್ತು ತೆರೆಯ ಮೇಲಿದ್ದರು, ಎಷ್ಟು ಫೈಟು ಸಿಕ್ಕಿತು ಎಂಬ ಲೆಕ್ಕವೂ ಹೆಚ್ಚು ಉಪಯೋಗಕ್ಕೆ ಬರುವುದಿಲ್ಲ. ನಾನು ನೋಡುವುದು ಒಂದನ್ನೇ: ಆ ವ್ಯಕ್ತಿ ಎದುರಿಗೆ ಬಂದು ನಿಂತಾಗ ನಾಯಕನ ನಡೆ ನುಡಿ ಬದಲಾಗುತ್ತದೋ ಇಲ್ಲವೋ? ಬದಲಾದರೆ ಆ ಪಾತ್ರಕ್ಕೆ ಬೆಲೆ ಇದೆ. ಇಲ್ಲವಾದರೆ ಅದು ಬರೀ ಎಂಟ್ರಿ, ಬರೀ ಶಿಳ್ಳೆ.

ಈ ಅಳತೆಗೋಲಿನಲ್ಲಿ ಮುಖ್ಯವಾಗಿ ಮೂವರನ್ನು ತೂಗಿ ನೋಡಿದ್ದೇನೆ: ಫಾಸ್ಟ್ ಅಂಡ್ ಫ್ಯೂರಿಯಸ್ ಸರಣಿಯಲ್ಲಿ ಡ್ವೇನ್ ಜಾನ್ಸನ್, ಜೇಮ್ಸ್ ಬಾಂಡ್ ಸರಣಿಯಲ್ಲಿ ಜೂಡಿ ಡೆಂಚ್, ಮಿಷನ್ ಇಂಪಾಸಿಬಲ್ ಸರಣಿಯಲ್ಲಿ ವಿಂಗ್ ರೇಮ್ಸ್. ಅಕ್ಕಪಕ್ಕದಲ್ಲಿ ಇನ್ನು ಕೆಲವರು ಬರುತ್ತಾರೆ. ಯಾರು ಸಾಯುತ್ತಾರೆ, ಯಾರು ಉಳಿಯುತ್ತಾರೆ ಎಂಬುದನ್ನು ಮುಚ್ಚಿಟ್ಟು ಇಂಥ ಹೋಲಿಕೆ ಮಾಡಲು ಬರುವುದಿಲ್ಲ. ಗುಟ್ಟು ಬಯಲಾಗುವುದು ಇಷ್ಟವಿಲ್ಲದವರು ಇಲ್ಲಿಗೇ ನಿಲ್ಲಿಸಿ, ಫಾಸ್ಟ್ ಫೈವ್ ಹಾಕಿಕೊಂಡು ಕೂರಬಹುದು. ಕೈ ಸುಡುವುದಿಲ್ಲ.

ಹಾಬ್ಸ್: ಗುದ್ದಾಟಕ್ಕೆ ಸರಿಜೋಡಿ

2011ರ ಫಾಸ್ಟ್ ಫೈವ್ ಬರುವ ಹೊತ್ತಿಗೆ ಈ ಸರಣಿಗೆ ಹತ್ತು ವರ್ಷ ವಯಸ್ಸಾಗಿತ್ತು. ಬೀದಿ ರೇಸಿನ ಕಥೆಯನ್ನು ಎಷ್ಟು ಸಲ ಹೇಳಲು ಸಾಧ್ಯ? ಜೊತೆಗೆ ನಾಯಕ ಡಾಮಿನಿಕ್ ಟೊರೆಟೊಗೆ, ಅಂದರೆ ವಿನ್ ಡೀಸೆಲ್‌ಗೆ, ಮೈಯಲ್ಲೂ ಮಾತಲ್ಲೂ ಸರಿಸಾಟಿಯಾಗಿ ನಿಲ್ಲುವ ಒಬ್ಬನೂ ಇರಲಿಲ್ಲ. ಆಗ ರಿಯೊ ಡಿ ಜನೈರೊಗೆ ಬಂದಿಳಿದವನು ಲ್ಯೂಕ್ ಹಾಬ್ಸ್. ಬೆವರಿನಲ್ಲಿ ತೊಯ್ದ ಮೈ, ಬೋಳು ತಲೆ, ಪುಟ್ಟ ಗಡ್ಡ, ಯಾರ ಮಾತನ್ನೂ ಪೂರ್ತಿ ಕೇಳಿಸಿಕೊಳ್ಳದ ಅವಸರ. ಅವನು ಡಿಪ್ಲೊಮ್ಯಾಟಿಕ್ ಸೆಕ್ಯುರಿಟಿ ಸರ್ವಿಸ್‌ನ ಏಜೆಂಟ್. ಇದು ಅಮೆರಿಕದ ವಿದೇಶಾಂಗ ಇಲಾಖೆಯಡಿ ನಿಜಕ್ಕೂ ಇರುವ ಸಂಸ್ಥೆ. ರಾಯಭಾರ ಕಚೇರಿಗಳ ರಕ್ಷಣೆ, ಪಾಸ್‌ಪೋರ್ಟ್ ವೀಸಾ ವಂಚನೆಯ ತನಿಖೆ ಅದರ ಅಸಲಿ ಕೆಲಸ. ಕವಚದ ಗಾಡಿಯಲ್ಲಿ ಊರೆಲ್ಲ ಗುದ್ದಿಕೊಂಡು ಹೋಗುವುದು ಹಾಬ್ಸ್ ತಾನಾಗಿ ಸೇರಿಸಿಕೊಂಡ ಕರ್ತವ್ಯ.

ಟಾಮಿ ಲೀ ಜೋನ್ಸ್‌ರಂಥ ಹಿರಿಯ ನಟರನ್ನು ಮನಸ್ಸಿನಲ್ಲಿಟ್ಟುಕೊಂಡು ಈ ಪಾತ್ರ ರೂಪಿಸಲಾಗಿತ್ತು ಎಂದು ಡೀಸೆಲ್ ಅವರೇ ಹೇಳಿದ್ದುಂಟು. ಹಾಗೇ ಆಗಿದ್ದರೆ ಬೇರೆಯೇ ಸಿನಿಮಾ ಆಗುತ್ತಿತ್ತು. ಬುದ್ಧಿವಂತ ಮುದಿ ಪೊಲೀಸ್, ತಪ್ಪಿಸಿಕೊಳ್ಳುವ ಕಳ್ಳ, ಅಷ್ಟೇ. ಜಾನ್ಸನ್ ಬಂದದ್ದರಿಂದ ಡಾಮ್‌ಗೆ ಮೊದಲ ಬಾರಿಗೆ ಸೋಲುವ ಸಾಧ್ಯತೆ ಎದುರಾಯಿತು. ಅಡಗುದಾಣದಲ್ಲಿ ಇಬ್ಬರೂ ಕೈ ಕೈ ಮಿಲಾಯಿಸುವ ದೃಶ್ಯವನ್ನು ಒಮ್ಮೆ ಗಮನವಿಟ್ಟು ನೋಡಿ. ಗಾಜು, ಗೋಡೆ ಒಂದೂ ಉಳಿಯುವುದಿಲ್ಲ. ಕೊನೆಗೆ ಕೆಳಗೆ ಬಿದ್ದ ಹಾಬ್ಸ್‌ನ ತಲೆಗೆ ಗುರಿಯಿಟ್ಟು ಡಾಮ್ ದೊಡ್ಡ ಪಾನಾ ಎತ್ತುತ್ತಾನೆ. ತಂಗಿ ಕೂಗುತ್ತಾಳೆ. ಪಾನಾ ಬೀಳುವುದು ತಲೆಯ ಪಕ್ಕದ ನೆಲಕ್ಕೆ. ಡಾಮ್ ಎಂಥವನು, ಎಲ್ಲಿಯವರೆಗೆ ಹೋಗಬಲ್ಲ, ಎಲ್ಲಿ ನಿಲ್ಲುತ್ತಾನೆ ಎಂಬುದನ್ನು ಹಿಂದಿನ ಭಾಗಗಳೆಲ್ಲ ಸೇರಿ ಹೇಳಿದ್ದಕ್ಕಿಂತ ಈ ಒಂದು ಏಟು ಹೆಚ್ಚು ಹೇಳುತ್ತದೆ. ಪೋಷಕ ಪಾತ್ರ ಮಾಡಬೇಕಾದ ಕೆಲಸ ಇದೇ.

ಆಮೇಲಿನ ತಿರುವೂ ಚೆನ್ನಾಗಿದೆ. ಹಾಬ್ಸ್‌ನ ತಂಡವನ್ನು ಖಳ ಹರ್ನಾನ್ ರೇಯಸ್‌ನ ಕಡೆಯವರು ಹೊಂಚುಹಾಕಿ ಕೊಲ್ಲುತ್ತಾರೆ, ಬದುಕುಳಿದ ಹಾಬ್ಸ್ ತಾನು ಹಿಡಿಯಲು ಬಂದವರ ಜೊತೆಗೇ ಸೇರುತ್ತಾನೆ, ಕೊನೆಗೆ ರೇಯಸ್‌ಗೆ ಗುಂಡಿಟ್ಟು ಡಾಮ್‌ಗೆ ಓಡಿಹೋಗಲು 24 ಗಂಟೆ ಕೊಡುತ್ತಾನೆ. ಪ್ರೇಕ್ಷಕರು ಒಪ್ಪಿದ್ದಕ್ಕೆ ಲೆಕ್ಕವೇ ಸಾಕ್ಷಿ. 2009ರ ಹಿಂದಿನ ಭಾಗ ಜಗತ್ತಿನಾದ್ಯಂತ ಸುಮಾರು 36 ಕೋಟಿ ಡಾಲರ್ ಗಳಿಸಿದ್ದರೆ ಫಾಸ್ಟ್ ಫೈವ್ 62 ಕೋಟಿ ದಾಟಿತು. ಅಷ್ಟೂ ಜಾನ್ಸನ್ ಅವರೊಬ್ಬರಿಂದಲೇ ಎನ್ನಲಾಗದು, ತಿಜೋರಿಯನ್ನು ಕಾರಿಗೆ ಕಟ್ಟಿ ಎಳೆದೊಯ್ಯುವ ಕ್ಲೈಮ್ಯಾಕ್ಸಿಗೂ ಪಾಲಿದೆ. ಆದರೆ ಸರಣಿಗೆ ಎರಡನೇ ಜನ್ಮ ಸಿಕ್ಕಿದ್ದು ಅಲ್ಲಿ.

2013ರ ಆರನೇ ಭಾಗದಲ್ಲಿ ಹಾಬ್ಸ್ ಪೂರ್ತಿ ಗೆಳೆಯ. ಸತ್ತಳೆಂದುಕೊಂಡಿದ್ದ ಪ್ರೇಯಸಿ ಲೆಟಿ ಬದುಕಿದ್ದಾಳೆ ಎಂಬ ಫೋಟೊ ತಂದು ಡಾಮ್‌ನನ್ನು ಮತ್ತೆ ಕಣಕ್ಕಿಳಿಸುವವನೇ ಅವನು. ಇಲ್ಲಿಯವರೆಗೂ ಪಾತ್ರದ ತೂಕ ಕಡಿಮೆಯಾಗಿಲ್ಲ. ನನ್ನ ತಕರಾರು ಶುರುವಾಗುವುದು 2015ರ ಏಳನೇ ಭಾಗದಿಂದ. ಆರಂಭದಲ್ಲೇ ಕಚೇರಿಯಲ್ಲಿ ಖಳ ಡೆಕಾರ್ಡ್ ಶಾ (ಜೇಸನ್ ಸ್ಟೇಥಮ್) ಜೊತೆ ಹೊಡೆದಾಡಿ, ಸ್ಫೋಟದಲ್ಲಿ ಕಿಟಕಿಯಿಂದ ಹಾರಿಬಿದ್ದು ಆಸ್ಪತ್ರೆ ಸೇರುವ ಹಾಬ್ಸ್ ಸಿನಿಮಾದ ಬಹುಪಾಲು ಮಂಚದ ಮೇಲೇ ಇರುತ್ತಾನೆ. ಕೊನೆಯಲ್ಲಿ ತೋಳು ಬಿಗಿದು ಪ್ಲಾಸ್ಟರ್ ಒಡೆದುಕೊಂಡು ಎದ್ದು ಬರುತ್ತಾನೆ. ಚಿತ್ರಮಂದಿರ ಹುಚ್ಚೆದ್ದು ಕುಣಿಯಲು ಅಷ್ಟು ಸಾಕು, ನಾನೂ ನಕ್ಕಿದ್ದೇನೆ. ಆದರೆ ಡಾಮ್‌ಗೂ ಅವನಿಗೂ ನಡುವೆ ಇಲ್ಲಿ ನಡೆಯುವುದೇನು? ಹೆಚ್ಚೇನೂ ಇಲ್ಲ. ಪಾತ್ರ ಹೋಗಿ ಅಲ್ಲಿ ಜಾನ್ಸನ್ ಎಂಬ ಸ್ಟಾರ್ ಉಳಿದಿದ್ದಾರೆ.

2017ರ ಎಂಟನೇ ಭಾಗದ ಹೊತ್ತಿಗೆ ತೆರೆಯ ಹಿಂದಿನ ಮನಸ್ತಾಪ ಬೀದಿಗೆ ಬಂದಿತ್ತು. 2016ರಲ್ಲಿ, ಇನ್ನೂ ಚಿತ್ರೀಕರಣ ನಡೆಯುತ್ತಿರುವಾಗಲೇ, ಜಾನ್ಸನ್ ಇನ್‌ಸ್ಟಾಗ್ರಾಮ್‌ನಲ್ಲಿ ಕೆಲವು ಸಹನಟರ ವೃತ್ತಿಪರತೆಯ ಬಗ್ಗೆ ಖಾರವಾಗಿ ಬರೆದರು. ಅದು ಡೀಸೆಲ್ ಕುರಿತಾದದ್ದು ಎಂಬುದು ಬೇಗನೆ ಎಲ್ಲರಿಗೂ ತಿಳಿಯಿತು. ಇದನ್ನು ತಿಳಿದುಕೊಂಡು ಸಿನಿಮಾ ನೋಡಿದರೆ ಬೇರೆಯೇ ಮಜಾ. ಇಬ್ಬರೂ ಒಂದೇ ಚೌಕಟ್ಟಿನಲ್ಲಿ ಮುಖಾಮುಖಿಯಾಗಿ ನಿಂತು ಮಾತಾಡುವ ಗಳಿಗೆಗಳನ್ನು ಹುಡುಕಿ ನೋಡಿ, ಹುಡುಕುತ್ತಲೇ ಇರುತ್ತೀರಿ. ಆ ಖಾಲಿ ಜಾಗವನ್ನು ತುಂಬಿದ್ದು ಜೇಸನ್ ಸ್ಟೇಥಮ್. ಜೈಲಿನೊಳಗೆ ಹಾಬ್ಸ್ ಮತ್ತು ಶಾ ಒಬ್ಬರನ್ನೊಬ್ಬರು ಹೀಗಳೆಯುವ ಮಾತುಗಳು ಎಷ್ಟು ಕಚಗುಳಿಯಿಟ್ಟವೆಂದರೆ 2019ರಲ್ಲಿ ಹಾಬ್ಸ್ ಅಂಡ್ ಶಾ ಎಂಬ ಬೇರೆ ಸಿನಿಮಾವೇ ಬಂತು. ಅಲ್ಲಿಗೆ ಪೋಷಕ ಪಾತ್ರ ನಾಯಕನ ಪಾತ್ರವಾಯಿತು. ಕ್ಲೈಮ್ಯಾಕ್ಸಿಗೆ ಸಮೋವಾ ದ್ವೀಪಕ್ಕೆ ಹೋಗಿ ಹಾಬ್ಸ್‌ನ ಅಣ್ಣತಮ್ಮಂದಿರನ್ನೂ ತಾಯಿಯನ್ನೂ ತೋರಿಸಿದರು. ಜಾನ್ಸನ್ ಅವರ ತಾಯಿಯ ಕಡೆಯವರು ಸಮೋವಾ ಮೂಲದವರೇ ಆದ್ದರಿಂದ ಆ ಭಾಗಕ್ಕೊಂದು ನಿಜದ ಕಳೆ ಇದೆ. ಉಳಿದಂತೆ ಇದು ಇಬ್ಬರು ಸ್ಟಾರ್‌ಗಳ ಮಾತಿನ ಜುಗಲ್‌ಬಂದಿ. ಕಾಲಹರಣಕ್ಕೆ ಸರಿ.

ಆ ವರ್ಷ ವಾಲ್ ಸ್ಟ್ರೀಟ್ ಜರ್ನಲ್ ಪತ್ರಿಕೆಯಲ್ಲಿ ಬಂದ ವರದಿಯೊಂದು ಬಹಳ ಓಡಾಡಿತು. ಡೀಸೆಲ್, ಜಾನ್ಸನ್, ಸ್ಟೇಥಮ್ ಮೂವರೂ ಫೈಟುಗಳಲ್ಲಿ ತಾವು ತೀರಾ ಪೆಟ್ಟು ತಿಂದಂತೆ ಕಾಣಬಾರದೆಂದು ಎಚ್ಚರ ವಹಿಸುತ್ತಾರೆ, ಯಾರಿಗೆ ಎಷ್ಟು ಏಟು ಬಿತ್ತು ಎಂಬ ಲೆಕ್ಕವೂ ನಡೆಯುತ್ತದೆ ಎಂಬುದು ಅದರ ಸಾರ. ಅದನ್ನು ಓದಿದ ಮೇಲೆ ಈ ಸರಣಿಯ ಫೈಟುಗಳೆಲ್ಲ ಯಾಕೆ ಸಮಸಮವಾಗಿ ಮುಗಿಯುತ್ತವೆ ಎಂಬುದು ಅರ್ಥವಾಯಿತು. 2011ರ ಆ ಪಾನಾದ ಏಟಿಗೆ ಇದ್ದ ಭಯ ಆಮೇಲೆ ಬರದಿದ್ದರೆ ಆಶ್ಚರ್ಯವೇನಿಲ್ಲ.

2021ರ ಒಂಬತ್ತನೇ ಭಾಗದಲ್ಲಿ ಹಾಬ್ಸ್ ಇಲ್ಲ. ಆ ವರ್ಷದ ಕೊನೆಗೆ ಡೀಸೆಲ್ ಬಹಿರಂಗವಾಗಿ ವಾಪಸ್ ಕರೆದರು, ಜಾನ್ಸನ್ ಅಷ್ಟೇ ಬಹಿರಂಗವಾಗಿ ಒಲ್ಲೆ ಎಂದರು. ಆದರೂ 2023ರ ಫಾಸ್ಟ್ ಎಕ್ಸ್‌ನ ಕೊನೆಯಲ್ಲಿ, ಹೆಸರುಗಳು ಓಡಲು ಶುರುವಾದ ಮೇಲೆ, ಹಾಬ್ಸ್ ಬಂದೇಬಿಟ್ಟ. ಫೋನಿನಲ್ಲಿ ಅವನಿಗೆ ಬೆದರಿಕೆ ಹಾಕುವ ಡಾಂಟೆ ಬೇರಾರೂ ಅಲ್ಲ, ರೇಯಸ್‌ನ ಮಗ.

ಹಾಬ್ಸ್‌ನನ್ನು ಆರಿಸುವವರಿಗೆ ನನ್ನ ಸಲಹೆ: ಐದು ಮತ್ತು ಆರನೇ ಭಾಗ ಕಡ್ಡಾಯ, ಎಂಟನೆಯದು ಶಾ ಜೊತೆಗಿನ ಜಗಳಕ್ಕಾಗಿ, ಏಳನೆಯದು ಸರಣಿಯ ಇನ್ನೊಬ್ಬ ನಾಯಕನಟ ಪಾಲ್ ವಾಕರ್‌ಗಾಗಿ. 2013ರ ನವೆಂಬರ್‌ನಲ್ಲಿ ಅಪಘಾತದಲ್ಲಿ ತೀರಿಕೊಂಡ ವಾಕರ್‌ಗೆ ಆ ಭಾಗ ವಿದಾಯ ಹೇಳುತ್ತದೆ, ಅದನ್ನು ಹಾಬ್ಸ್‌ನ ಲೆಕ್ಕಕ್ಕೆ ಸೇರಿಸಬಾರದು. ನಾಲ್ಕೂ ಸೇರಿ ಒಂಬತ್ತು ಗಂಟೆಯ ಹತ್ತಿರ. ಒಂದರಿಂದ ನಾಲ್ಕನ್ನು ನೋಡದಿದ್ದರೂ ಏನೂ ಕಳೆದುಕೊಳ್ಳುವುದಿಲ್ಲ. ಹಾಬ್ಸ್‌ಗೂ ಡಾಮ್ ತಂಡದವರ್ಯಾರೂ ಪರಿಚಯವಿಲ್ಲ, ಅವನ ಜೊತೆಗೇ ನೀವೂ ಪರಿಚಯ ಮಾಡಿಕೊಳ್ಳುತ್ತೀರಿ.

ಅದೇ ಸರಣಿಯ ಇನ್ನಿಬ್ಬರು

ಸ್ಟೇಥಮ್ ಅವರ ಶಾ ಪಾತ್ರಕ್ಕೆ ಅದ್ಭುತ ಆರಂಭವಿದೆ. ಏಳನೇ ಭಾಗದ ಮೊದಲ ದೃಶ್ಯದಲ್ಲಿ ಆಸ್ಪತ್ರೆಯಲ್ಲಿ ಮಲಗಿರುವ ತಮ್ಮನ ಹತ್ತಿರ ಮೆಲುದನಿಯಲ್ಲಿ ಮಾತಾಡಿ ಹೊರಡುತ್ತಾನೆ. ಅವನ ಹಿಂದೆಯೇ ಕ್ಯಾಮೆರಾ ಹೋದಂತೆ ಇಡೀ ಆಸ್ಪತ್ರೆಯೇ ಧ್ವಂಸವಾಗಿರುವುದು ಕಾಣುತ್ತದೆ. ಇಷ್ಟು ಭಯ ಹುಟ್ಟಿಸಿದವನನ್ನು ಮುಂದಿನ ಭಾಗದಲ್ಲೇ ಒಳ್ಳೆಯವನನ್ನಾಗಿಸಿ ಊಟದ ಮೇಜಿಗೆ ಕೂರಿಸಿಬಿಟ್ಟರು. ತಂಡದ ಹಾನ್‌ನನ್ನು ಕೊಂದವನು ಇವನೇ ಎಂದು ಆರನೇ ಭಾಗದ ಕೊನೆಯಲ್ಲಿ ತೋರಿಸಿದ್ದನ್ನು ಅಭಿಮಾನಿಗಳು ಮರೆತಿರಲಿಲ್ಲ. ಹಾನ್‌ಗೆ ನ್ಯಾಯ ಬೇಕೆಂದು ಅಂತರ್ಜಾಲದಲ್ಲಿ ಅಭಿಯಾನವೇ ನಡೆಯಿತು, ಒಂಬತ್ತನೇ ಭಾಗದಲ್ಲಿ ಹಾನ್ ಸತ್ತೇ ಇರಲಿಲ್ಲ ಎಂದು ತೇಪೆ ಹಚ್ಚಬೇಕಾಯಿತು. ಸ್ಟೇಥಮ್ ಅವರ ಫೈಟುಗಳು ಜಾನ್ಸನ್ ಅವರದಕ್ಕಿಂತ ಚುರುಕು, ಒಪ್ಪುತ್ತೇನೆ. ಪಾತ್ರವಾಗಿ ಮಾತ್ರ ಶಾ ಬರೆಯುವವರ ಅನುಕೂಲಕ್ಕೆ ತಕ್ಕಂತೆ ಬಣ್ಣ ಬದಲಿಸುತ್ತಾನೆ.

ಶಾ ಸೋದರರ ತಾಯಿಯಾಗಿ ಬರುವವರು ಹೆಲೆನ್ ಮಿರೆನ್. ಬ್ರಿಟನ್ ರಾಣಿಯ ಪಾತ್ರಕ್ಕೆ ಆಸ್ಕರ್ ಪಡೆದ ನಟಿಗೆ ಇಲ್ಲಿ ಕಳ್ಳರ ತಾಯಿಯ ಪಾತ್ರ, ಹೆಸರು ಕ್ವೀನಿ. ಈ ಸರಣಿಯಲ್ಲಿ ನಟಿಸುವ ಆಸೆ ಅವರೇ ಬಾಯಿಬಿಟ್ಟು ಹೇಳಿಕೊಂಡದ್ದು. ಎಂಟನೇ ಭಾಗದಲ್ಲಿ ಕಾರು ಓಡಿಸಲು ಸಿಗಲಿಲ್ಲ, ಒಂಬತ್ತರಲ್ಲಿ ಡಾಮ್‌ನನ್ನು ಪಕ್ಕದಲ್ಲಿ ಕೂರಿಸಿಕೊಂಡು ಲಂಡನ್ ಬೀದಿಗಳಲ್ಲಿ ಕಾರು ಹಾರಿಸುತ್ತಾರೆ. ಡಾಮ್ ಬಾಯಿ ಮುಚ್ಚಿಕೊಂಡು ಕೂರುವುದು ನೋಡಲು ಚೆಂದ. ಕೆಲವೇ ನಿಮಿಷಗಳ ಪಾತ್ರವಾದ್ದರಿಂದ ಇದನ್ನೇ ನಂಬಿ ಸರಣಿ ನೋಡಿ ಎನ್ನಲಾರೆ.

ಎಂ: ಬಾಂಡ್‌ಗೆ ಉತ್ತರ ಹೇಳಿಸುವವಳು

ಕಾರು, ಗುದ್ದಾಟಗಳ ಪ್ರಪಂಚದಿಂದ ಇಲ್ಲಿಗೆ ಬಂದರೆ ಸದ್ದು ಇಳಿಯುತ್ತದೆ. ಜೂಡಿ ಡೆಂಚ್ ಯಾರಿಗೂ ಹೊಡೆಯುವುದಿಲ್ಲ, ಬಹುಪಾಲು ಮೇಜಿನ ಹಿಂದೆ ಇರುತ್ತಾರೆ. ಆದರೂ ನನ್ನ ಮಟ್ಟಿಗೆ ಈ ಹೋಲಿಕೆಯಲ್ಲಿ ಮೊದಲ ಸ್ಥಾನ ಅವರಿಗೇ.

1989ರ ನಂತರ ಕಾನೂನು ವ್ಯಾಜ್ಯಗಳಿಂದ ಬಾಂಡ್ ಸರಣಿ ಆರು ವರ್ಷ ನಿಂತುಹೋಗಿತ್ತು. ಅಷ್ಟರಲ್ಲಿ ಸೋವಿಯತ್ ಒಕ್ಕೂಟವೇ ಇಲ್ಲವಾಗಿತ್ತು. 1992ರಲ್ಲಿ ಬ್ರಿಟನ್ನಿನ ಆಂತರಿಕ ಬೇಹುಗಾರಿಕೆ ಸಂಸ್ಥೆ ಎಂಐ5ಗೆ ಸ್ಟೆಲ್ಲಾ ರಿಮಿಂಗ್ಟನ್ ಮೊದಲ ಮಹಿಳಾ ಮುಖ್ಯಸ್ಥರಾಗಿದ್ದರು. 1995ರ ಗೋಲ್ಡನ್‌ಐ ಈ ಎರಡನ್ನೂ ಬಳಸಿಕೊಂಡು ಬಾಂಡ್‌ನ ಮೇಲಧಿಕಾರಿಯ, ಅಂದರೆ ‘ಎಂ’ನ, ಕುರ್ಚಿಯಲ್ಲಿ ಹೆಣ್ಣೊಬ್ಬಳನ್ನು ಕೂರಿಸಿತು. ಅಂದಹಾಗೆ ಬಾಂಡ್ ಕೆಲಸ ಮಾಡುವ ಎಂಐ6ಗೆ ನಿಜ ಜೀವನದಲ್ಲಿ ಮಹಿಳೆಯೊಬ್ಬರು ಮುಖ್ಯಸ್ಥರಾದದ್ದು 2025ರಲ್ಲಿ. ಸಿನಿಮಾ ಮೂವತ್ತು ವರ್ಷ ಮುಂದಿತ್ತು.

ಗೋಲ್ಡನ್‌ಐನಲ್ಲಿ ಎಂ ತನ್ನ ಕೋಣೆಯಲ್ಲಿ ಬಾಂಡ್‌ಗೆ ಗ್ಲಾಸು ತುಂಬಿ ಕೊಟ್ಟು, ಹೆಣ್ಣನ್ನು ಕೀಳಾಗಿ ಕಾಣುವ, ಶೀತಲ ಸಮರದ ಪಳೆಯುಳಿಕೆ ನೀನು ಎಂದು ಮುಖಕ್ಕೆ ಹೊಡೆದಂತೆ ಹೇಳುತ್ತಾಳೆ. ಪಿಯರ್ಸ್ ಬ್ರಾಸ್ನನ್ ಅವರ ಬಾಂಡ್ ಮಾತಿಗೆ ಮಾತು ಪೋಣಿಸುವವನು, ಇಲ್ಲಿ ಸುಮ್ಮನೆ ಕೇಳಿಸಿಕೊಳ್ಳುತ್ತಾನೆ. ಅದೇ ಮಾತಿನ ಕೊನೆಗೆ ಜೀವಂತ ವಾಪಸ್ ಬಾ ಎನ್ನುತ್ತಾಳೆ. ಬೈಗುಳ, ಕಾಳಜಿ ಎರಡೂ ಒಂದೇ ದನಿಯಲ್ಲಿ. ಮೂವತ್ತು ವರ್ಷಗಳ ಸರಣಿಯಲ್ಲಿ ಬಾಂಡ್‌ನನ್ನು ಕೊಲ್ಲಲು ಬಂದವರು ಲೆಕ್ಕವಿಲ್ಲದಷ್ಟು, ಹೀಗೆ ತರಾಟೆಗೆ ತೆಗೆದುಕೊಂಡವರು ವಿರಳ.

ಬ್ರಾಸ್ನನ್ ಕಾಲದ ಉಳಿದ ಮೂರರಲ್ಲಿ 1999ರ ದಿ ವರ್ಲ್ಡ್ ಈಸ್ ನಾಟ್ ಎನಫ್ ಒಂದರಲ್ಲಿ ಮಾತ್ರ ಎಂಗೆ ಕೆಲಸವಿದೆ. ಖಳನಾಯಕಿ ಅವಳನ್ನೇ ಅಪಹರಿಸಿ ಇಸ್ತಾಂಬುಲ್‌ನಲ್ಲಿ ಕೂಡಿಹಾಕುತ್ತಾಳೆ. 1997 ಮತ್ತು 2002ರ ಭಾಗಗಳನ್ನು ಎಂಗಾಗಿ ನೋಡಬೇಕಿಲ್ಲ. 2002ರದನ್ನಂತೂ ಯಾರಿಗಾಗಿಯೂ ನೋಡಬೇಕಿಲ್ಲ ಎಂಬುದು ನನ್ನ ಅಭಿಪ್ರಾಯ, ಕಾಣದ ಕಾರನ್ನು ಇಷ್ಟಪಡುವವರು ಕ್ಷಮಿಸಿ.

2006ರಲ್ಲಿ ಒಂದು ವಿಚಿತ್ರ ನಡೆಯಿತು. ಕ್ಯಾಸಿನೊ ರೊಯಾಲ್ ಬಾಂಡ್‌ನ ಕಥೆಯನ್ನು ಮೊದಲಿನಿಂದ ಶುರುಮಾಡಿತು. ಹೊಸ ನಟ ಡೇನಿಯಲ್ ಕ್ರೇಗ್, ಆಗಷ್ಟೇ ಕೊಲ್ಲುವ ಪರವಾನಗಿ ಪಡೆದ ಹೊಸ ಬಾಂಡ್. ಎಲ್ಲವೂ ಹೊಸದು, ಎಂ ಮಾತ್ರ ಡೆಂಚ್ ಅವರೇ. ತರ್ಕಕ್ಕೆ ಕೂರುವುದಿಲ್ಲ. ಆದರೆ ಡೆಂಚ್ ಅವರನ್ನು ಬಿಡಲು ನಿರ್ಮಾಪಕರಿಗೆ ಮನಸ್ಸಾಗಲಿಲ್ಲ, ನಮಗೂ ಆಗುತ್ತಿರಲಿಲ್ಲ. ಬಾಂಡ್‌ನನ್ನು ಶೀತಲ ಸಮರದ ಪಳೆಯುಳಿಕೆ ಎಂದಿದ್ದ ಅದೇ ಬಾಯಿ ಇಲ್ಲಿ, ಶೀತಲ ಸಮರದ ಕಾಲವೇ ಚೆನ್ನಾಗಿತ್ತು ಎಂದು ಗೊಣಗುತ್ತದೆ. ಬಾಂಡ್ ಅವಳ ಮನೆಗೇ ನುಗ್ಗಿ, ಅವಳ ಕಂಪ್ಯೂಟರ್ ಬಳಸಿ, ಅವಳು ಬರುವವರೆಗೂ ಕತ್ತಲಲ್ಲಿ ಕೂತಿರುತ್ತಾನೆ. ದೀಪ ಹಾಕಿದ ಎಂ ಬೆಚ್ಚಿಬೀಳುವುದಿಲ್ಲ, ಸಿಟ್ಟಾಗುತ್ತಾಳೆ. ಬ್ರಾಸ್ನನ್ ಕಾಲದ ಎಂ ಆಫೀಸಿನ ಮೇಲಧಿಕಾರಿ. ಕ್ರೇಗ್ ಕಾಲದ ಎಂ ಹೆತ್ತ ತಾಯಿಯಲ್ಲ, ಆದರೆ ಅವನು ತಪ್ಪು ಮಾಡಿದಾಗ ಮೊದಲು ನೆನಪಾಗುವ ಮುಖ.

ಅದಕ್ಕೇ 2012ರ ಸ್ಕೈಫಾಲ್ ಅಷ್ಟು ತಾಗುತ್ತದೆ. ಶುರುವಿನಲ್ಲೇ ಓಡುವ ರೈಲಿನ ಮೇಲೆ ಬಾಂಡ್ ಶತ್ರುವಿನ ಜೊತೆ ಗುದ್ದಾಡುತ್ತಿರುವಾಗ, ಗುರಿ ಸ್ಪಷ್ಟವಿಲ್ಲದಿದ್ದರೂ ಗುಂಡು ಹೊಡೆ ಎಂದು ಲಂಡನ್ನಿನಲ್ಲಿ ಕೂತು ಆದೇಶ ಕೊಡುವವಳು ಎಂ. ಗುಂಡು ತಗಲುವುದು ಬಾಂಡ್‌ಗೆ. ಖಳ ಸಿಲ್ವಾ ಕೂಡ ಅವಳೇ ಹಿಂದೆ ಶತ್ರುಗಳ ಕೈಗೆ ಬಿಟ್ಟುಕೊಟ್ಟಿದ್ದ ಏಜೆಂಟ್. ಅಂದರೆ ಇಡೀ ಕಥೆ ನಿಂತಿರುವುದು ಅವಳ ಎರಡು ನಿರ್ಧಾರಗಳ ಮೇಲೆ, ಅವಳಿಂದ ಗಾಯಗೊಂಡ ಇಬ್ಬರ ಮೇಲೆ. ಒಬ್ಬ ಕೊಲ್ಲಲು ಬರುತ್ತಾನೆ, ಇನ್ನೊಬ್ಬ ಕಾಯಲು. ಸ್ಕಾಟ್ಲೆಂಡಿನ ಹಳೇ ಪ್ರಾರ್ಥನಾ ಮಂದಿರದಲ್ಲಿ ಅವಳು ಸಾಯುವಾಗ ಬಾಂಡ್ ಅಳುತ್ತಾನೆ. ಪೋಷಕ ಪಾತ್ರವೊಂದು ಕಥೆಯ ನಡುಮಧ್ಯಕ್ಕೆ ಬಂದು ಕೂತರೂ ನಾಯಕನ ಜಾಗ ಕಿತ್ತುಕೊಳ್ಳದೆ ಉಳಿದದ್ದಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ನನಗೆ ಗೊತ್ತಿಲ್ಲ. 110 ಕೋಟಿ ಡಾಲರ್ ದಾಟಿದ ಮೊದಲ ಬಾಂಡ್ ಸಿನಿಮಾ ಇದೇ ಎಂಬುದನ್ನು, ತಾಯಿಯಂಥ ಪಾತ್ರ ಇಟ್ಟುಕೊಂಡು ಆ್ಯಕ್ಷನ್ ಸಿನಿಮಾ ಓಡುವುದಿಲ್ಲ ಎನ್ನುವವರಿಗೆ ನೆನಪಿಸಬಹುದು.

ನೋಡಬೇಕಾದದ್ದು ಮೂರೇ: ಗೋಲ್ಡನ್‌ಐ, ಕ್ಯಾಸಿನೊ ರೊಯಾಲ್, ಸ್ಕೈಫಾಲ್. ಏಳು ಗಂಟೆ.

ಲೂಥರ್: ಬಿಟ್ಟುಹೋಗದವನು

1996ರಿಂದ 2025ರವರೆಗಿನ ಎಂಟು ಮಿಷನ್ ಇಂಪಾಸಿಬಲ್ ಸಿನಿಮಾಗಳಲ್ಲಿ ಟಾಮ್ ಕ್ರೂಸ್ ಬಿಟ್ಟರೆ ಎಲ್ಲದರಲ್ಲೂ ಇರುವ ನಟ ವಿಂಗ್ ರೇಮ್ಸ್ ಒಬ್ಬರೇ. 2011ರ ನಾಲ್ಕನೇ ಭಾಗದಲ್ಲಿ ಕೊನೆಗೆ ಒಂದು ಗಳಿಗೆ ಮಾತ್ರ ಕಾಣುತ್ತಾರೆ, ಆದರೂ ಇದ್ದಾರೆ. ನಿರ್ದೇಶಕರು ಬದಲಾದರು, ನಾಯಕಿಯರು ಬದಲಾದರು. ನಾಲ್ಕನೇ ಭಾಗದಲ್ಲಿ ಬಂದಾಗ ಸರಣಿಯನ್ನು ಮುಂದೆ ಜೆರೆಮಿ ರೆನರ್ ಅವರೇ ನಡೆಸುತ್ತಾರೆಂಬ ಮಾತಿತ್ತು. ಅವರು ಐದನೆಯದರ ನಂತರ ಕಾಣಲೇ ಇಲ್ಲ. ದೊಡ್ಡ ಟೋಪಿ ಹಾಕಿಕೊಂಡು ಕಂಪ್ಯೂಟರ್ ಮುಂದೆ ಕೂರುವ ಲೂಥರ್ ಸ್ಟಿಕೆಲ್ ಮಾತ್ರ ಕದಲಲಿಲ್ಲ.

ಒಪ್ಪಿಕೊಳ್ಳಬೇಕಾದ ಮಾತೆಂದರೆ, ಬಹಳ ಭಾಗಗಳಲ್ಲಿ ಅವನಿಗೆ ಕೊಟ್ಟ ಕೆಲಸ ಕಡಿಮೆ. ಕಿವಿಯಲ್ಲಿ ಇಯರ್‌ಪೀಸ್ ಇಟ್ಟುಕೊಂಡು ನಾಯಕ ಈಥನ್‌ಗೆ, ಅಂದರೆ ಕ್ರೂಸ್‌ಗೆ, ದಾರಿ ಹೇಳುವುದು, ಬೀಗ ತೆಗೆಯುವುದು, ಬಾಂಬಿನ ತಂತಿ ಕತ್ತರಿಸುವುದು. ಮೊದಲ ಭಾಗದಲ್ಲಿ ಈಥನ್ ಹಗ್ಗದಲ್ಲಿ ನೇತಾಡುತ್ತಾ ಸಿಐಎ ಕೋಣೆಗಿಳಿಯುವ ದೃಶ್ಯ ಎಲ್ಲರಿಗೂ ನೆನಪಿದೆ, ಹೊರಗೆ ಕೂತು ಅದನ್ನು ನಡೆಸುವ ಲೂಥರ್ ಎಷ್ಟು ಜನಕ್ಕೆ ನೆನಪಿದ್ದಾನೆ? ಬೇಗ ಬೇಸರವಾಗುವವರಿಗೆ ಈ ಪಾತ್ರ ಹಿಡಿಸುವುದಿಲ್ಲ. ನಗು ಬೇಕಿದ್ದವರು ಇದೇ ಸರಣಿಯ ಬೆಂಜಿಯನ್ನು, ಅಂದರೆ ಸೈಮನ್ ಪೆಗ್ ಅವರನ್ನು, ಹಿಡಿಯಬಹುದು. 2006ರ ಮೂರನೇ ಭಾಗದಲ್ಲಿ ಬಡಬಡಿಸುವ ಲ್ಯಾಬ್ ನೌಕರನಾಗಿ ಬಂದವನು ಆಮೇಲೆ ಮೈದಾನಕ್ಕಿಳಿಯುತ್ತಾನೆ, ಹೆದರುತ್ತಲೇ ಬೆಳೆಯುತ್ತಾನೆ.

ಲೂಥರ್‌ನ ನಿಜವಾದ ಸಿನಿಮಾ 2018ರ ಫಾಲ್‌ಔಟ್. ಮೊದಲ ಹತ್ತು ನಿಮಿಷಗಳಲ್ಲೇ ಈಥನ್‌ಗೆ ಆಯ್ಕೆ ಎದುರಾಗುತ್ತದೆ: ಒಂದು ಕಡೆ ಪ್ಲುಟೋನಿಯಂ, ಇನ್ನೊಂದು ಕಡೆ ತಲೆಗೆ ಬಂದೂಕು ಹಿಡಿಸಿಕೊಂಡ ಲೂಥರ್. ಈಥನ್ ಗೆಳೆಯನನ್ನು ಆರಿಸಿಕೊಳ್ಳುತ್ತಾನೆ, ಪ್ಲುಟೋನಿಯಂ ಕೈಬಿಟ್ಟುಹೋಗುತ್ತದೆ. ಮುಂದಿನ ಎರಡು ಗಂಟೆಯ ಓಟವೆಲ್ಲ ಆ ಒಂದು ತೀರ್ಮಾನದ ಬಡ್ಡಿ. ನಡುವೆ ಲೂಥರ್ ಬ್ರಿಟಿಷ್ ಬೇಹುಗಾರ್ತಿ ಇಲ್ಸಾ ಎದುರು ಕೂತು ಈಥನ್ ಪ್ರೀತಿಸಿದ ಹೆಣ್ಣುಗಳ ಬಗ್ಗೆ, ಹೆಂಡತಿಯನ್ನು ಅವನು ಯಾಕೆ ದೂರವಿಟ್ಟ ಎಂಬುದರ ಬಗ್ಗೆ ಮಾತಾಡುತ್ತಾನೆ. ಗಂಟಲು ಕಟ್ಟಿ ಬರುತ್ತದೆ ಆ ಭಾರೀ ಮನುಷ್ಯನಿಗೆ. ಈಥನ್ ಸ್ವತಃ ಎಂದೂ ಹೇಳಿಕೊಳ್ಳದ ಸಂಗತಿಗಳು ನಮಗೆ ತಿಳಿಯುವುದು ಇವನ ಬಾಯಿಂದ. ಇಪ್ಪತ್ತೆರಡು ವರ್ಷ ಪಕ್ಕದಲ್ಲಿದ್ದವನಿಗೆ ಮಾತ್ರ ಈ ದೃಶ್ಯ ಕೊಡಲು ಸಾಧ್ಯ, ಹೊಸ ನಟ ಎಷ್ಟೇ ದೊಡ್ಡವರಾಗಿದ್ದರೂ ನಡೆಯುತ್ತಿರಲಿಲ್ಲ.

2025ರ ಫೈನಲ್ ರೆಕನಿಂಗ್‌ನಲ್ಲಿ ಲೂಥರ್ ಕಾಯಿಲೆ ಬಿದ್ದಿದ್ದಾನೆ. ಲಂಡನ್ನಿನ ನೆಲದಡಿಯ ಸುರಂಗದಲ್ಲಿ ಬಾಂಬಿನ ಪಕ್ಕ ಉಳಿದು, ಊರು ಉಳಿಸಿ, ತಾನು ಹೋಗುತ್ತಾನೆ. ಸಿನಿಮಾ 2 ಗಂಟೆ 50 ನಿಮಿಷದಷ್ಟು ಉದ್ದವಿದೆ, ಹಿಂದಿನ ಭಾಗಗಳ ತುಣುಕುಗಳನ್ನು ಬೇಕಾದ್ದಕ್ಕಿಂತ ಹೆಚ್ಚು ತೋರಿಸುತ್ತದೆ. ಲೂಥರ್ ಹೋದ ಮೇಲೆ ನನಗೆ ಅದು ಇನ್ನೂ ಉದ್ದವೆನಿಸಿತು. ಈ ಪಾತ್ರಕ್ಕೆ ಮೊದಲ ಭಾಗ, ಫಾಲ್‌ಔಟ್, ಕೊನೆಯ ಭಾಗ ಎಂಬ ಮೂರು ಸಾಕು. ಆದರೆ ಮೂರಕ್ಕೇ ನಿಲ್ಲಿಸಿದರೆ ಅವನ ಬೆಲೆ ಅರ್ಧ ಮಾತ್ರ ತಿಳಿಯುತ್ತದೆ. ಏನೂ ಮಾಡದೆ ಸುಮ್ಮನೆ ಜೊತೆಗಿದ್ದ ಭಾಗಗಳನ್ನೂ ನೋಡಿದ್ದರೇ ಫಾಲ್‌ಔಟ್‌ನ ಗಂಟಲು ಕಟ್ಟುವ ದೃಶ್ಯ ನಿಮ್ಮ ಗಂಟಲನ್ನೂ ಕಟ್ಟೀತು. ಪುರುಸೊತ್ತಿಲ್ಲದವರಿಗೆ ಇದೊಂದು ದುಬಾರಿ ಆಯ್ಕೆ.

ಹೆಸರಿಗೆ ಮರುಳಾಗುವ ಮುನ್ನ

ಸ್ಯಾಮ್ಯುಯೆಲ್ ಎಲ್. ಜಾಕ್ಸನ್ ಅವರ, ಮಾರ್ವೆಲ್ ಸೂಪರ್‌ಹೀರೊ ಸಿನಿಮಾಗಳ ನಿಕ್ ಫ್ಯೂರಿಯನ್ನು ಯಾಕೆ ಬಿಟ್ಟಿರಿ ಎಂದು ಕೇಳುವವರಿದ್ದಾರೆ. 2008ರ ಐರನ್ ಮ್ಯಾನ್‌ನ ಕೊನೆಯ ಹೆಸರುಗಳ ನಂತರ ಅವನು ಕಾಣಿಸಿಕೊಂಡದ್ದು ಇಡೀ ಉದ್ಯಮದ ಅಭ್ಯಾಸವನ್ನೇ ಬದಲಿಸಿತು, ನಿಜ. ಆದರೆ ಬಹುಪಾಲು ಭಾಗಗಳಲ್ಲಿ ಅವನು ಒಂದು ಸಿನಿಮಾದಿಂದ ಇನ್ನೊಂದಕ್ಕೆ ಸುದ್ದಿ ಸಾಗಿಸುವವನು. 2014ರ ವಿಂಟರ್ ಸೋಲ್ಜರ್ ಮಾತ್ರ ನೋಡಿ. ನಡುಬೀದಿಯಲ್ಲಿ ಅವನ ಕಾರನ್ನು ಸುತ್ತುವರಿಯುವ ದೃಶ್ಯವಿದೆ, ನಾಯಕ ಸ್ಟೀವ್ ಯಾರನ್ನೂ ನಂಬಲಾಗದೆ ತಡಕಾಡುವಂತೆ ಮಾಡುವವನೂ ಇವನೇ.

ಜಾನ್ ವಿಕ್ ಸರಣಿಯ ವಿನ್‌ಸ್ಟನ್, ಅಂದರೆ ಇಯಾನ್ ಮೆಕ್‌ಶೇನ್, ಒಳ್ಳೆಯ ಆಯ್ಕೆಯೇ. ಕೊಲೆಗಾರರು ತಂಗುವ ಹೋಟೆಲಿನ ಮ್ಯಾನೇಜರ್, ನಾಲ್ಕೂ ಭಾಗಗಳಲ್ಲಿದ್ದಾನೆ. ಮೂರನೆಯದರ ಕೊನೆಗೆ ಜಾನ್‌ಗೆ ಗುಂಡು ಹೊಡೆದು ಮಾಳಿಗೆಯಿಂದ ಕೆಡವುತ್ತಾನೆ, ಅದು ಮೋಸವೋ ಉಪಾಯವೋ ಎಂಬುದನ್ನು ಮುಖ ನೋಡಿ ಹೇಳಲು ಆಗುವುದಿಲ್ಲ. ಲಾರೆನ್ಸ್ ಫಿಶ್‌ಬರ್ನ್ ಎರಡನೇ ಭಾಗದಿಂದ ಬರುತ್ತಾರೆ. ನಾಯಕ ಕಿಯಾನು ರೀವ್ಸ್ ಜೊತೆ ಮೇಟ್ರಿಕ್ಸ್ ಸಿನಿಮಾದ ಜೋಡಿ ಮತ್ತೆ ಒಂದಾಯಿತು ಎಂಬ ಸಂಭ್ರಮ ಮುಗಿದ ಮೇಲೆ ಅವರ ಪಾತ್ರದಲ್ಲಿ ಉಳಿಯುವುದು ಜೋರುದನಿ ಮಾತ್ರ. ಈ ಸರಣಿಯ ಒಂದು ಅನುಕೂಲವೆಂದರೆ ಭಾಗಗಳು ನಾಲ್ಕೇ, ಬಿಟ್ಟು ನೋಡುವ ಪ್ರಶ್ನೆಯೇ ಇಲ್ಲ.

ಹಾಗಾದರೆ ಯಾರು?

ಮನೆಯವರೆಲ್ಲ ಕೂತು ಗದ್ದಲದಲ್ಲಿ ನೋಡುವುದಾದರೆ, ನಡುವೆ ಎದ್ದುಹೋಗಿ ಬಂದರೂ ಕಥೆ ತಪ್ಪಬಾರದು ಎನ್ನುವುದಾದರೆ ಹಾಬ್ಸ್. ಅವನಷ್ಟು ಸುಲಭವಾಗಿ ಇಷ್ಟವಾಗುವವರು ಇಲ್ಲಿ ಬೇರೆ ಇಲ್ಲ. ಒಬ್ಬರೇ ಕೂತು ನಟನೆ ನೋಡಬೇಕೆನ್ನುವವರು, ಅಥವಾ ಗುದ್ದಾಟದ ಸಿನಿಮಾ ಎಂದರೆ ಮೂಗು ಮುರಿಯುವವರನ್ನು ಪಕ್ಕದಲ್ಲಿ ಕೂರಿಸಿಕೊಂಡವರು ಸ್ಕೈಫಾಲ್‌ಗೆ ನೇರ ಹೋಗದೆ ಗೋಲ್ಡನ್‌ಐನಿಂದಲೇ ಎಂ ಜೊತೆ ಹೊರಡಲಿ. ರಜೆ ಉದ್ದಕ್ಕಿದ್ದು, ಎಂಟೂ ಭಾಗ ನೋಡಿಯೇ ತೀರುತ್ತೇನೆ ಎನ್ನುವವರಿಗೆ ಲೂಥರ್. ಅರ್ಧಕ್ಕೆ ಬಿಡುವ ಅಭ್ಯಾಸವಿದ್ದರೆ ಅವನ ತಂಟೆಗೆ ಹೋಗಬೇಡಿ.

ಇನ್ನೊಂದು ವ್ಯತ್ಯಾಸವಿದೆ, ಕೆಲವರಿಗೆ ಅದೇ ಮುಖ್ಯವಾದೀತು. ಎಂ ಮತ್ತು ಲೂಥರ್‌ನ ಕಥೆಗಳು ಮುಗಿದಿವೆ. 2015ರ ಸ್ಪೆಕ್ಟರ್‌ನಲ್ಲಿ ಎಂ ಬಿಟ್ಟುಹೋದ ಪುಟ್ಟ ವಿಡಿಯೊ ಸಂದೇಶವಿದೆ, ಅದರಾಚೆ ಏನಿಲ್ಲ. ಹಾಬ್ಸ್‌ನದು ತೆರೆದೇ ಇದೆ. 2023ರಲ್ಲಿ ಡೀಸೆಲ್ ಜೊತೆ ರಾಜಿಯಾಗಿದೆ ಎಂದು ಜಾನ್ಸನ್ ಹೇಳಿದ ಮೇಲೂ ರೇಯಸ್‌ನ ಮಗ ಫೋನಿನಲ್ಲಿ ಹಾಕಿದ ಸವಾಲಿಗೆ ಉತ್ತರ ಬಂದಿಲ್ಲ. ಫಾಸ್ಟ್ ಎಕ್ಸ್ ನೋಡುವ ಮೊದಲು ಫಾಸ್ಟ್ ಫೈವ್‌ನ ಸೇತುವೆಯ ದೃಶ್ಯವನ್ನು ಇನ್ನೊಮ್ಮೆ ನೋಡಿಕೊಳ್ಳಿ. ಆ ಗುಂಡು ಹಾರಿಸಿದ್ದು ಡಾಮ್ ಅಲ್ಲ, ಹಾಬ್ಸ್.